ಅತ್ತೆ ಶೂಟಿಂಗಿಗೆ ತಂದ ಹಾರ

ನನ್ನ ಮೈದುನ ಸಿನಿಮಾದಲ್ಲಿ ಮೊದಲ ಸಲ ಮಾತನಾಡುವ ದಿನ ಅತ್ತೆಯೂ ನಾನೂ ಗೌಡಗೆರೆ ಹತ್ತಿರದ ಶೂಟಿಂಗ್ ಜಾಗಕ್ಕೆ ಹೋಗಿದ್ದೆವು. ಅವನದು ಟೀ ಅಂಗಡಿಯವನ ಪಾತ್ರ. ಇದ್ದದ್ದು ಒಂದೇ ಮಾತು: "ಬಸ್ಸು ಹೋಯ್ತು, ಕೂತ್ಕೊಳ್ಳಿ, ಟೀ ಕುಡೀರಿ." ಅದಕ್ಕೂ ಮೊದಲು ಮೂರು ಸಿನಿಮಾಗಳಲ್ಲಿ ಜನರ ಗುಂಪಿನಲ್ಲಿ ನಿಂತಿದ್ದ; ಒಂದರಲ್ಲಿ ಬೆನ್ನು ಮಾತ್ರ ಕಂಡಿತ್ತು. ಆ ಬೆನ್ನನ್ನೂ ನಮ್ಮತ್ತೆ ಗುರುತು ಹಿಡಿದಿದ್ದರು.

ತೊಂದರೆ ಅವನ ಗಂಟಲಿನದು. ಊರಿನ ನಾಟಕಗಳಲ್ಲಿ ಗದೆ ಹಿಡಿದು ಬೆಳೆದವನು. ಕೊನೆಯಲ್ಲಿ ಚಾಪೆ ಹಾಸಿ ಕೂತವರಿಗೂ ಕೇಳಬೇಕೆಂದು ಹಾರ್ಮೋನಿಯಂ ಮೇಷ್ಟ್ರು ತಿದ್ದಿದ ಗಂಟಲು. ನಮಗೋ ಕಾನ್ವೆಂಟಿನಲ್ಲಿ ಮೊದಲು ಕಲಿಸಿದ್ದೇ ಮೆಲ್ಲಗೆ ಮಾತನಾಡುವುದು. ಹಾಗಾಗಿ ವಾರವಿಡೀ ಅಡುಗೆಮನೆಯಲ್ಲಿ ನಾನೇ ಅವನಿಗೆ ಗುರು. ದನಿ ಒಗ್ಗರಣೆ ಸದ್ದಿಗಿಂತ ಕಡಿಮೆ ಇರಲಿ ಅಂದರೆ, "ಅತ್ತಿಗೆ, ಅಂಗಂದ್ರೆ ಟೀ ಮಾರ್ದಂಗಿರಲ್ಲ, ಗುಟ್ಟು ಹೇಳ್ದಂಗಿರ್ತದೆ" ಎನ್ನುತ್ತಿದ್ದ.

ಕ್ಯಾಮೆರಾ ಮುಂದೆ ನಿಂತದ್ದೇ ತಡ, ಕಲಿತದ್ದೆಲ್ಲ ಮರೆತುಹೋಯಿತು. "ಬಸ್ಸು ಹೋಯ್ತು!" ಎಂದ ರಭಸಕ್ಕೆ ಬೆಂಚಿನ ಕೆಳಗೆ ಮಲಗಿದ್ದ ನಾಯಿ ಎದ್ದು ಹೋಯಿತು. ನಾಲ್ಕು ಸಲ ತೆಗೆದರು, ನಾಲ್ಕು ಸಲವೂ ಹಾಗೇ. ನಿರ್ದೇಶಕರು, "ಇನ್ನೊಂದೇ ಸಲ. ಆಗ್ಲಿಲ್ಲ ಅಂದ್ರೆ ಬೇರೆಯವರ ಕೈಲಿ ಹೇಳಿಸ್ತೀನಿ" ಎಂದರು. ಮೈದುನನ ಕಿವಿ ಕೆಂಪಾದದ್ದು ನನಗೆ ದೂರದಿಂದಲೇ ಕಂಡಿತು.

ಐದನೆಯ ಸಲ ಅವನು ಬಾಯಿ ತೆರೆಯುವ ಮೊದಲೇ ನಮ್ಮತ್ತೆ ನನ್ನ ಪಕ್ಕದಿಂದ ಎದ್ದರು. ನಮ್ಮ ಕಡೆ ನಾಟಕಗಳಲ್ಲಿ ಮಗ ಪಾತ್ರ ಕಟ್ಟಿ ಬಂದರೆ, ಆಟದ ನಡುವೆಯೇ ಮನೆಯವರು ರಂಗ ಹತ್ತಿ ಹಾರ ಹಾಕುತ್ತಾರೆ. ಹಾಕದಿದ್ದರೆ ಪಾತ್ರಧಾರಿಗೆ ಅದೊಂದು ಕೊರತೆ. ಶಿರಾದಿಂದ ಬಾಳೆಲೆಯಲ್ಲಿ ಸುತ್ತಿ ತಂದಿದ್ದ ಸೇವಂತಿಗೆ ಹಾರ ಹಿಡಿದು ಅವರು ನೆಟ್ಟಗೆ ಕ್ಯಾಮೆರಾ ಮುಂದೆ ನಡೆದರು. ಸೆರಗು ಹಿಡಿಯಲು ಹೋದ ನನ್ನ ಕೈಗೆ ಬಂದದ್ದು ಬಾಳೆಲೆ ಮಾತ್ರ.

"ಯಾರ್ರೀ ಅದು!" ಎಂದು ಯಾರೋ ಕೂಗಿದರು.

"ಅವ್ನವ್ವ ಕಣಪ್ಪಾ. ಆಗ್ಲಿಂದ ನೋಡ್ತಾ ಇವ್ನಿ, ಒಬ್ರೂ ಹಾರ ಹಾಕ್ಲಿಲ್ಲ" ಎಂದು ಅತ್ತೆ ಮಗನತ್ತ ತಿರುಗಿದರು. "ಅದ್ಕೇ ಕಣ್ಲಾ ನಿಂಗೆ ಮಾತು ಕೂಡ್ತಿಲ್ಲ. ಬಗ್ಗು ಲೇ."

ಮೈದುನ ಅವರ ಕೈ ಹಿಡಿದುಕೊಂಡ. ಮಗುವಿಗೆ ಹೇಳುವಂತೆ ಹೇಳಿದ: "ಆಮೇಲೆ ಹಾಕುವಂತೆ ಬುಡವ್ವ. ಬಿಸ್ಲು. ಬಾ, ಇಲ್ಲಿ ಕೂತ್ಕೋ, ಟೀ ಕುಡಿ."

"ಇದೇ!" ನಿರ್ದೇಶಕರು ಕುರ್ಚಿಯಿಂದ ಎದ್ದೇಬಿಟ್ಟರು. "ಇದೇ ದನಿ ಬೇಕಿತ್ತು ನಂಗೆ. ಅಮ್ಮಾ, ನೀವು ಕ್ಯಾಮೆರಾ ಪಕ್ಕ ಕೂತ್ಕೊಳ್ಳಿ. ನೀನು ಅವರನ್ನ ನೋಡ್ಕೊಂಡು ಹೇಳಪ್ಪ."

ಹೇಳಿದ. ಒಂದೇ ಸಲಕ್ಕೆ ಮುಗಿಯಿತು.

"ಈಗ ಹಾಕ್ಬೋದಾ ಸ್ವಾಮಿ?" ಎಂದು ಅತ್ತೆ ಕೇಳಿದಾಗ ಲೈಟು ಹಿಡಿದವರೂ ಚಪ್ಪಾಳೆ ತಟ್ಟಿದರು. ಎರಡು ಹಳದಿ ಎಸಳು ಅವನ ಟೀ ಲೋಟಕ್ಕೆ ಬಿದ್ದವು. ತೆಗೆಯದೆ ಹಾಗೇ ಕುಡಿದ.

ಈಗಲೂ ಅವನಿಗೆ ಸಿಗುವುದು ಎರಡು ಮೂರು ಮಾತಿನ ಪಾತ್ರಗಳೇ. ಪಾತ್ರ ಸಿಕ್ಕ ಕೂಡಲೇ ಫೋನ್ ಮಾಡುತ್ತಾನೆ: "ಅತ್ತಿಗೆ, ಸೋಮವಾರ ಶೂಟಿಂಗ್ ಐತೆ. ಅವ್ವ ಬಿಡುವಾಗವ್ಳಾ?"

ನಾನು ಹೂವಿನವಳಿಗೆ ಹೇಳಿಡುತ್ತೇನೆ.