ಮಿಸ್ತ್ರಿಯವರ ಹೆಲಿಕಲ್

ಅಂದು ಬೆಳಿಗ್ಗೆ ನೀರು ತುಂಬಿಸಿದೆ, ಜೋಳ ಹಸನು ಮಾಡಿದೆ, ಹರಿದ ಕೌದಿಗೆ ತೇಪೆ ಹಚ್ಚಿದೆ. ಕಿವಿ ಮಾತ್ರ ಪಕ್ಕದ ಮನೆಯ ಬಾಗಿಲ ಮೇಲಿತ್ತು. ಕಮರಿಪೇಟೆಯಲ್ಲಿ ನಮ್ಮ ಗೋಡೆಗೆ ಹೊಂದಿದ ಆ ಮನೆಯ ಮಿಸ್ತ್ರಿಯವರು ಅರಳೆ ಕಾರ್ಖಾನೆಯ ಸಾಹೇಬನ ಮುಂದೆ ಪರೀಕ್ಷೆಗೆ ಹೋಗಿದ್ದರು. ಇಂಗ್ಲಿಷ್ ಬಾರದೆಂದು ಎರಡು ಸಲ ಅವರಿಗೆ ಫೋರಮನ್ ಕೆಲಸ ತಪ್ಪಿತ್ತು.

ನಾನು ಒಂದಿಷ್ಟು ಇಂಗ್ಲಿಷ್ ಕಲಿತವಳು. ದಿನಾ ಸಂಜೆ ಕಟ್ಟೆಯ ಮೇಲೆ ಕೂತು ಹೇಳಿಕೊಡುತ್ತಿದ್ದೆ.

"ಒಂದೊಂದ ಶಬ್ದ ನೆನಪಿಡೂದು ಆಗೂದಿಲ್ರಿ ಅಕ್ಕಾರ. ಶಬ್ದ ಹುಟ್ಟೂ ಬೇರು ಹೇಳ್ರಿ," ಎನ್ನುವರು.

ಸುರುಳಿ ಎಂಬರ್ಥದ ‘ಹೆಲಿಕ್’ ಎಂಬ ಗ್ರೀಕ್ ಬೇರನ್ನು ಹೇಳಿದೆ. ಸ್ಕ್ರೂ ಮೇಲಿನ ಸುತ್ತುಗೆರೆ ಹೀಲಿಕ್ಸ್, ಸ್ಪ್ರಿಂಗಿನ ಆಕಾರ ಹೆಲಿಕಲ್, ಯುದ್ಧಕಾಲದ ಪೇಪರಿನಲ್ಲಿ ಚಿತ್ರ ಬಂದಿದ್ದ ಹಾರುವ ಯಂತ್ರ ಹೆಲಿಕಾಪ್ಟರ್. ಅವರು ತೋರುಬೆರಳನ್ನು ಗಾಳಿಯಲ್ಲಿ ತಿರುವುತ್ತ ಮೇಲಕ್ಕೊಯ್ದು ಮೂರನ್ನೂ ಹೇಳುವರು. ರಾತ್ರಿ ಗೋಡೆಯಾಚೆಯಿಂದಲೂ ಅದೇ ಪಾಠ ಕೇಳುತ್ತಿತ್ತು.

ಅಂದು ಸಂಜೆ ಪರೀಕ್ಷೆ ಮುಗಿಸಿ ಬಂದವರೇ ಕಟ್ಟೆಯ ಮೇಲೆ ಕೂತರು.

"ಸಾಹೇಬ ಸ್ಪ್ರಿಂಗ್ ತೋರಿಸಿ ಇದರ ಆಕಾರಕ್ಕ ಏನಂತಾರ ಅಂತ ಕೇಳಿದಾಗ ಶಬ್ದ ಮರತಹೋತ್ರಿ ಅಕ್ಕಾರ. ಗಾಳ್ಯಾಗ ಬೆರಳ ತಿರುವಿದೆ, ಬೇರು ನೆನಪಾತು, ಹೆಲಿಕಲ್ ಅಂದೆ. ಅಷ್ಟಕ್ಕ ಬಿಡಲಿಲ್ಲ, ಹೆಲಿಕಾಪ್ಟರೂ ಹೇಳಿದೆ. ಸಾಹೇಬ ನಕ್ಕಬಿಟ್ಟ!"

"ಕೆಲಸ ಏನಾತ್ರಿ?"

"ಸೋಮವಾರದಿಂದ ಫೋರಮನ್ ನಾನ. ನಾಳೆ ಇನ್ನೊಂದು ಬೇರು ತಗೀರಿ."

ಅಂದು ರಾತ್ರಿ ಎರಡೂ ಮನೆಯವರು ಕೂಡಿ ರೊಟ್ಟಿ, ಬದನೆಕಾಯಿ ಪಲ್ಯ ಉಂಡೆವು. ಎಲ್ಲರಿಗಿಂತ ಮೊದಲು ಮಲಗಿದವರು ಮಿಸ್ತ್ರಿಯವರೇ. ಗೋಡೆಯಾಚೆ ಪಾಠವಿರಲಿಲ್ಲ, ಬರೀ ಗೊರಕೆ.