ಎರೆಭೂತ ಕಾಣದ ಚಿತ್ರ

ಮದುವೆ ವಿಡಿಯೊ ಮಾಡಿ ಬದುಕುವ ನಾನು ಎರಡು ಚಳಿಗಾಲ ಸಿರುಗುಪ್ಪದ ಎರೆಹೊಲಗಳಲ್ಲಿ ಅಲೆದೆ. ಅಳಿವಿನಂಚಿನಲ್ಲಿರುವ ಎರೆಭೂತ ಹಕ್ಕಿಯ ಮೇಲೆ ಚಿತ್ರ ಮಾಡುವ ಹಂಬಲ. ಜೊತೆಗೆ ಬಳ್ಳಾರಿಯ ಗೆಳತಿಯಿದ್ದಳು. ನನ್ನ ಮದುವೆ ವಿಡಿಯೊಗಳಿಗೂ ಅವಳೇ ಧ್ವನಿಮುದ್ರಣ ಮಾಡುವವಳು. ಹಕ್ಕಿ ಒಮ್ಮೆಯೂ ಕಾಣಲಿಲ್ಲ. ಹೊಲದ ಮೇಲೆ ಹಾದುಹೋದ ಹೈಟೆನ್ಷನ್ ತಂತಿಗಳ ಗುಂಯ್‌ಗುಡುವ ಸದ್ದು ಮಾತ್ರ ಸಿಕ್ಕಿತು. ಭಾರದ ಮೈಯ ಈ ಹಕ್ಕಿಗೆ ಎದುರಿನ ತಂತಿ ಬೇಗ ಕಾಣುವುದಿಲ್ಲ, ಬಡಿದು ಸಾಯುತ್ತದೆ. ಹಾಗಾಗಿ ನಮ್ಮ ಚಿತ್ರದಲ್ಲಿ ಇದ್ದದ್ದು ಎರಡೇ: ಖಾಲಿ ಹೊಲ, ತಂತಿಯ ಸದ್ದು.

ಬಳ್ಳಾರಿಯ ಒಂದು ಚಿತ್ರೋತ್ಸವದವರು ಅದನ್ನು ಕೇಳಿ ಪಡೆದರು. ಸಭಾಂಗಣ ತುಂಬಿತ್ತು. ತೆರೆಯ ಮೇಲೆ ಹೊಲ ಬಂತು. ಇದ್ದಕ್ಕಿದ್ದಂತೆ ಕೊಳಲು ಕೇಳಿಸಿತು. ಎಲ್ಲಿಂದಲೋ ಒಂದು ಎರೆಭೂತ ನಡೆದು ಬಂದು, ಕತ್ತು ಉಬ್ಬಿಸಿ ಕುಣಿಯತೊಡಗಿತು. ಜನ ಚಪ್ಪಾಳೆ ತಟ್ಟಿದರು, ಮೊಬೈಲ್ ಎತ್ತಿದರು.

ನಾನು ಪ್ರೊಜೆಕ್ಟರ್ ಹತ್ತಿರ ಓಡಿದೆ. ಅಲ್ಲಿ ಸಂಘಟಕರು ನಗುತ್ತ ನಿಂತಿದ್ದರು.

"ಯಾರ್ರಿ ಇದನ್ನ ಸೇರಿಸಿದ್ದು?"

"ನಾವೇ ಮೇಡಮ್, ಎಐನಾಗ ಮಾಡಿಸೀವಿ. ಬರೇ ಹೊಲ ತೋರಿಸಿದ್ರ ಜನ ಎದ್ದು ಹೋಗತಾರ್ರಿ. ಚಂದ ಬಂದೈತಲ್ಲ?"

"ಸಾಯಾಕ ಹತ್ತಿದ ಹಕ್ಕಿನ ಕುಣಿಸೀರಲ್ರಿ! ನಾಳೆ ಎಲ್ಲಾರೂ ಹಕ್ಕಿ ಆರಾಮ ಐತಿ ಅಂತಾರ. ನನ್ನ ಒಂದು ಮಾತು ಕೇಳಬಾರದಿತ್ತೇನು?"

"ಇರ್ಲಿ ಬಿಡ್ರಿ, ಸ್ವಲ್ಪ ಅಡ್ಜಸ್ಟ್ ಮಾಡ್ಕೊಳ್ರಿ."

ವೈರು ಕಿತ್ತೆಸೆದೆ. ತೆರೆ ಕಪ್ಪಾಯಿತು. ಹಿಂದಿನ ಸಾಲಿನಿಂದ ಯಾರೋ ಕೂಗಿದರು: "ಆ ಹಕ್ಕಿ ಡ್ಯಾನ್ಸ್ ಇನ್ನೊಮ್ಮಿ ಹಾಕ್ರಿ!"

ಸಿಟ್ಟಿನಿಂದ ಹೊರಗೆ ಬಂದೆ. ಹಿಂದೆಯೇ ಬಂದ ಗೆಳತಿಯ ಮುಖವೂ ಕೆಂಪಾಗಿತ್ತು. "ಅಕ್ಕಾ, ಕುರುಗೋಡಿನ್ಯಾಗ ನಮ್ಮ ಮಾಮುನ ಗೋದಾಮು ಖಾಲಿ ಐತಿ. ನಮ್ಮದನ್ನ ನಾವೇ ತೋರ್ಸೋಣು" ಅಂದಳು.

ಮುಂದಿನ ವಾರ ಗೋದಾಮಿನ ಗೋಡೆಗೆ ಬಿಳಿ ಬೆಡ್‌ಶೀಟ್ ಕಟ್ಟಿ ನಮ್ಮ ಮೂಲ ಚಿತ್ರ ಹಾಕಿದೆವು. ಅರ್ಧ ಜನ ನಡುವೆಯೇ ಎದ್ದು ಹೋದರು. ಸಂಘಟಕರು ಹೇಳಿದ್ದೇ ನಿಜವಾಯಿತೆಂದು ಹಲ್ಲು ಕಚ್ಚಿ ಕುಳಿತೆ. ಕೊನೆತನಕ ಕೂತಿದ್ದ ಒಬ್ಬ ಅಜ್ಜಿ ಕಿವಿ ಮುಚ್ಚಿಕೊಂಡು ಕೇಳಿದಳು: "ಯವ್ವಾ, ಈ ಸದ್ದು ತೆಲಿ ಕೊರಿತೈತಿ. ಇದನ್ನ ಬಂದ್ ಮಾಡಾಕ ಬರಂಗಿಲ್ಲೇನು?"

"ಇಲ್ಲಿ ಮಾಡಬಹುದು ಅಜ್ಜಿ. ಹೊಲದಾಗ ಬರಂಗಿಲ್ಲ."

ಆ ಕುಣಿತದ ತುಣುಕು ಈಗಲೂ 'ಸಿರುಗುಪ್ಪದ ಹೆಮ್ಮೆ' ಎಂಬ ಹೆಸರಿನಲ್ಲಿ ಮೊಬೈಲಿನಿಂದ ಮೊಬೈಲಿಗೆ ಓಡಾಡುತ್ತಿದೆ. ಬಂಧುಗಳು ನನಗೇ ಕಳಿಸಿ ಅಭಿನಂದಿಸುತ್ತಾರೆ. ಅದು ಸುಳ್ಳು ಎಂದು ಪ್ರತಿಯೊಬ್ಬರಿಗೂ ಬರೆಯುತ್ತೇನೆ. ಬಹಳಷ್ಟು ಮಂದಿ ಮೇಲೆತ್ತಿದ ಹೆಬ್ಬೆರಳಿನ ಚಿತ್ರ ಕಳಿಸುತ್ತಾರೆ, ಅಷ್ಟೇ.