ಹಣಮವ್ವ ಮುಚ್ಚಿಟ್ಟ ಮಾತು, ಲಕ್ಷ್ಮವ್ವನ ಒಂಟಿ ಸಾಕ್ಷಿ

ಮುಂಬಯಿಯ ಆಂಟಾಪ್ ಹಿಲ್‌ನ ಗಲ್ಲಿಯಲ್ಲಿ ಇನ್ನೂ ನಳದ ನೀರು ಬಂದಿಲ್ಲ. ಹಾಲಿನವನೂ ಬಂದಿಲ್ಲ. ಲಕ್ಷ್ಮವ್ವ ಮಾತ್ರ ಬಾಗಿಲ ಮುಂದಿನ ಕಟ್ಟೆಯ ಮೇಲೆ ಕೂತು, ನೆನೆದ ಬಿದಿರನ್ನು ಕಾಲಿಗೆ ಆನಿಸಿಕೊಂಡು ಕತ್ತಿಯ ಬಾಯಿಗೆ ಕೊಡುತ್ತಿದ್ದಾರೆ. ಒಂದು ಏಟು ಹಾಕಿ ಕೈಯಿಂದ ಒತ್ತಿದರೆ ಬಿದಿರು ತುದಿಯಿಂದ ಬುಡದವರೆಗೆ ಚರ್ರನೆ ಸೀಳುತ್ತ ಹೋಗುತ್ತದೆ. ಕೈ ಕೆಸರಾದರೆ ಬಾಯಿ ಮೊಸರು ಎಂದವರು ಬಿದಿರು ಸೀಳಿರಲಿಕ್ಕಿಲ್ಲ. ಅರವತ್ತು ದಾಟಿದ ಈ ಕೈಗಳಲ್ಲಿ ಕೆಸರಿಲ್ಲ, ಸಿಬಿರು ಹೊಕ್ಕು ಮಾಗಿದ ಗಾಯಗಳಿವೆ. ಮೊಸರನ್ನು ಅವರು ಹಬ್ಬವಿದ್ದರೆ ಕೊಳ್ಳುತ್ತಾರೆ.

ದಾದರಿನ ಹೂವಿನವರಿಗೆ ಬುಟ್ಟಿ, ಮರಾಠಿ ಮದುವೆಗಳಿಗೆ ಪುಟ್ಟ ಮೊರ, ಛಠ್ ಪೂಜೆ ಬಂತೆಂದರೆ ಬಿಹಾರದವರಿಗೆ ದೊಡ್ಡ ಮೊರ. ಕುರ್ಲಾದ ವಖಾರಿಯಿಂದ ಬಿದಿರು ತರಿಸುವುದರಿಂದ ಹಿಡಿದು ಹೆಣೆದು ಹೊತ್ತು ಮಾರುವವರೆಗೆ ಎಲ್ಲ ಇವರದೇ. ದಿನಕ್ಕೆ ಐದಾರು ಬುಟ್ಟಿ, ಬೆನ್ನು ಒಪ್ಪಿದರೆ ಮೇಲೊಂದು. ಗಿರಾಕಿಯೊಡನೆ ಹಿಂದಿ, ವಖಾರಿಯಲ್ಲಿ ಮರಾಠಿ, ವಿಜಯಪುರದ ಕಡೆಯವರು ಸಿಕ್ಕರೆ ಕನ್ನಡ. ಮನೆಯೊಳಗೆ ಮಾತ್ರ ಇನ್ನೊಂದು ಮಾತಿತ್ತು, ಕೊರವರ ಮನೆಮಾತು. ಅದು ಯಾವ ಮನೆತನಕ್ಕೆ ಸೇರಿದ್ದು ಎಂಬ ಪ್ರಶ್ನೆ ಈ ಹೆಂಗಸಿನ ನಿದ್ದೆ ಕೆಡಿಸಿದೆ.

ಭಾಷೆಗಳಿಗೂ ಮನೆತನಗಳಿವೆ, ಟೊಂಗೆಗಳಿವೆ. ಮುಂಬಯಿಯ ಮನೆಮಾತುಗಳ ಸಮೀಕ್ಷೆ ಮಾಡುವ ಒಂದು ಸಂಸ್ಥೆಯ ಗೋಡೆಯ ಮೇಲೆ ಅಂಥದ್ದೊಂದು ವಂಶವೃಕ್ಷ ಬರೆದಿಟ್ಟಿದ್ದಾರೆ. ಮರಾಠಿ, ಹಿಂದಿ, ಗುಜರಾತಿ, ಕೊಂಕಣಿ ಒಂದು ಕಡೆ. ಇನ್ನೊಂದು ಕಡೆ ದ್ರಾವಿಡ ಮನೆತನ, ಅದರ ದಕ್ಷಿಣದ ಟೊಂಗೆಯಲ್ಲಿ ತಮಿಳು, ಕನ್ನಡ, ತುಳು. ಅಲ್ಲಿ ಕೆಲಸ ಮಾಡುವ ರಮಾನಾಥ ಅವರು ಹುಟ್ಟಿ ಬೆಳೆದದ್ದು ಮಾಟುಂಗಾದಲ್ಲಿ, ಮೂಲ ಮಂಗಳೂರು. ಅವರು ಇದನ್ನು ಮನೆಯ ಲೆಕ್ಕದಲ್ಲೇ ವಿವರಿಸುತ್ತಾರೆ: "ನೆರೆಮನೆಯಿಂದ ಪಾತ್ರೆ ಎಷ್ಟು ತಂದ್ರೂ ನಮ್ಮ ಮನೆತನ ಬದ್ಲಾಗುದಿಲ್ಲ ಅಲ್ವಾ? ಮುಂಬಯಿ ಕನ್ನಡದಲ್ಲಿ ಅರ್ಧ ಹಿಂದಿ, ಮರಾಠಿ ಉಂಟು. ಆದ್ರೂ ಅದು ಕನ್ನಡವೇ. ನಾವು ಮೊದಲು ನೋಡುದು ಕಣ್ಣು, ನೀರು, ಬೆಂಕಿ, ಅಜ್ಜಿ, ಇಂಥ ಹಳೇ ಶಬ್ದಗಳನ್ನು. ಅವನ್ನು ಯಾರೂ ಅಷ್ಟು ಸುಲಭದಲ್ಲಿ ಕಡ ತರುದಿಲ್ಲ."

ಕೊರವರ ಮಾತು ತಮಿಳಿಗೆ ಹತ್ತಿರದ್ದೆಂದು ಬಲ್ಲವರು ಎಂದೋ ಬರೆದಿಟ್ಟಿದ್ದಾರೆ. ಆದರೆ ಆಂಟಾಪ್ ಹಿಲ್‌ನ ಈ ಕೆಲವು ಮನೆಗಳು ಸಂಸ್ಥೆಯ ಮರದಲ್ಲಿ ಕನ್ನಡದ ಟೊಂಗೆಗೆ ಅಂಟಿಕೊಂಡಿವೆ. ಇವರು ತಮ್ಮ ಮಾತು ಬಿಟ್ಟಿದ್ದಾರೆ, ಈಗ ಆಡುವುದು ಕನ್ನಡದ ಒಂದು ಬಗೆ, ಎಂದು ಷರಾ. ಅದು ತಪ್ಪು ಎಂದು ಲಕ್ಷ್ಮವ್ವನಿಗೆ ಗೊತ್ತು. ಯಾಕೆಂದರೆ ತಪ್ಪು ಹುಟ್ಟಿದ್ದು ಅವರ ಕಣ್ಣೆದುರಿಗೇ, ಇದೇ ಕಟ್ಟೆಯ ಮೇಲೆ.

ಏಳೆಂಟು ವರ್ಷದ ಹಿಂದೆ ರಮಾನಾಥ ರೆಕಾರ್ಡರ್ ಹಿಡಿದು ಬಂದಾಗ ಮಾತಾಡಲು ಕೂತವರು ಅಕ್ಕ ಹಣಮವ್ವ. ನೀರಿಗೆ ನಿಮ್ಮ ಮಾತಿನಲ್ಲಿ ಏನು ಎಂದರೆ ನೀರು ಅಂದರು. ಬೆಂಕಿಗೆ ಬೆಂಕಿ, ಕಣ್ಣಿಗೆ ಕಣ್ಣು. ಒಂದು ಇಡೀ ಮಧ್ಯಾಹ್ನ ಹಣಮವ್ವ ಹೀಗೆ ವಿಜಯಪುರದ ಚೊಕ್ಕ ಕನ್ನಡ ಒಪ್ಪಿಸಿದರು. ಪಕ್ಕದಲ್ಲಿ ಬುಟ್ಟಿಯ ಅಂಚು ಕಟ್ಟುತ್ತಿದ್ದ ಲಕ್ಷ್ಮವ್ವ ತಲೆ ಎತ್ತಲಿಲ್ಲ.

"ಮನ್ಯಾಗ ನಾವು ನೀರಿಗೆ ತಣ್ಣಿ ಅಂತೀವ್ರಿ. ಅಕ್ಕ ನೀರು ಅಂದ್ಲು. ಅಕ್ಕ ಬಾಯಿ ಬಿಟ್ಟ ಮ್ಯಾಲೆ ನಡಕ ತಂಗಿ ಬಾಯಿ ಹಾಕಬಾರದು ನಮ್ಮಾಗ. ಹಾಕಿದ್ರ ಅಕ್ಕನ್ನ ಸುಳ್ಳಾಕಿ ಅಂದಂಗ ಆಗತೈತಿ" ಎನ್ನುತ್ತಾರೆ ಲಕ್ಷ್ಮವ್ವ.

ಹಣಮವ್ವ ಸುಳ್ಳು ಹೇಳಿದ್ದು ಹುಡುಗಾಟಕ್ಕಲ್ಲ. ಬ್ರಿಟಿಷ್ ಸರಕಾರ ಜಾತಿಗೆ ಜಾತಿಯನ್ನೇ ಹುಟ್ಟುಗಳ್ಳರೆಂದು ಕಾಯದೆ ಮಾಡಿ, ತಂತಿಬೇಲಿಯೊಳಗೆ ಕೂಡಿಹಾಕಿ, ಹೊತ್ತು ಹೊತ್ತಿಗೆ ಹಾಜರಿ ಕೂಗುತ್ತಿದ್ದ ಕಾಲದಲ್ಲಿ ಇವರ ಅಜ್ಜಿ ಬೆಳೆದದ್ದು. ಕಾವಲಿನವರಿಗೆ ತಿಳಿಯದ ಮಾತಾಡಿದರೆ ಕಳವಿನ ಸಂಚು ಎಂದು ಬೆತ್ತ ಬೀಳುತ್ತಿತ್ತಂತೆ. ಸ್ವಾತಂತ್ರ್ಯ ಬಂತು, ಕಾಯದೆ ಹೋಯಿತು. ಅಂಜಿಕೆಯನ್ನು ರದ್ದು ಮಾಡುವ ಕಾಯದೆ ಮಾತ್ರ ಯಾರೂ ಮಾಡಲಿಲ್ಲ. "ಬುಟ್ಟಿ ಹೊರಗ ಮಾರ್ರಿ, ಮಾತು ಒಳಗ ಇಡ್ರಿ ಅಂತಿದ್ಲು ನಮ್ಮಾಯಿ. ಹೊರಗಿನವ್ರ ಮುಂದ ಒಂದ್ ಶಬ್ದ ಜಾರಿದ್ರೂ ತೊಡಿ ಚಿವುಟಾಕಿ" ಎಂದು ಲಕ್ಷ್ಮವ್ವ ಅಜ್ಜಿಯನ್ನು ನೆನೆಯುತ್ತಾರೆ. ರೆಕಾರ್ಡರ್ ಹಿಡಿದ ರಮಾನಾಥ ಹಣಮವ್ವನ ಕಣ್ಣಿಗೆ ಹಾಜರಿ ಕೂಗಲು ಬಂದವನಂತೆಯೇ ಕಂಡಿರಬೇಕು.

ನಮಗೆ, ಕನ್ನಡದವರಿಗೆ, ಇದರಿಂದ ನಷ್ಟವೇನೂ ಆಗಲಿಲ್ಲ. ನಮ್ಮ ಟೊಂಗೆಗೆ ಒಂದು ಎಲೆ ಹೆಚ್ಚಾಯಿತು. ಅದು ಪಕ್ಕದ ಟೊಂಗೆಯಿಂದ ಕದ್ದ ಎಲೆ. ಕಳ್ಳರೆಂಬ ಹೆಸರು ಯಾರಿಗೆ, ದಕ್ಕಿದ ಮಾಲು ಯಾರಿಗೆ ನೋಡಿ.

ಕುಲದ ಗುರುತು ಸಿಕ್ಕಿದ್ದು ನಳದ ಹತ್ತಿರ. ಎದುರು ಮನೆಯ ಸೆಲ್ವಿ ತಿರುನೆಲ್ವೇಲಿಯವರು. ಅಕ್ಕತಂಗಿಯರು ಕೊಡಕ್ಕಾಗಿ ತಮ್ಮೊಳಗೇ ಗೊಣಗಿಕೊಂಡದ್ದು ಒಂದು ದಿನ ಅವರ ಕಿವಿಗೆ ಬಿತ್ತು. "ಕ್ಯಾ ಲಕ್ಷ್ಮಿ ಅಕ್ಕಾ, ತುಮ್ ಲೋಗ್ ತಮಿಳ್ ಹೈ ಕ್ಯಾ? ಮೇರೇಕೋ ಆಧಾ ಸಮಝ್ ಮೇ ಆಯಾ" ಎಂದರಂತೆ ಸೆಲ್ವಿ, ಅರ್ಧ ತಿಳಿಯಿತು, ನೀವು ತಮಿಳರೇ ಎಂದು. ಹಣಮವ್ವ ಕೊಡ ಎತ್ತಿಕೊಂಡು ನಡೆದರು. ಲಕ್ಷ್ಮವ್ವ ಮಾತ್ರ ನಿಂತು ನಕ್ಕರು. ಅಂದಿನಿಂದ ಇಬ್ಬರಿಗೂ ಗೆಳೆತನ. ಅವರು ಅವರ ಮಾತಿನಲ್ಲಿ, ಇವರು ಇವರ ಮಾತಿನಲ್ಲಿ, ತಿಳಿಯದ್ದಕ್ಕೆ ಹಿಂದಿ.

ಹೋದ ವರ್ಷ ಹಣಮವ್ವ ತೀರಿಕೊಂಡರು. ಸತ್ತವರನ್ನು ಹಾಡಿಕೊಂಡು ಅಳುವುದು ಈ ಮನೆಯ ಪದ್ಧತಿ, ಅದೂ ಮನೆಮಾತಿನಲ್ಲೇ. ಬೇರೆ ಮಾತಿನಲ್ಲಿ ಅತ್ತರೆ ಸತ್ತವರಿಗೆ ಮುಟ್ಟುವುದಿಲ್ಲ ಎಂದು ಇವರ ನಂಬಿಕೆ. ಲಕ್ಷ್ಮವ್ವ ಅಕ್ಕನ ತಲೆದೆಸೆ ಕೂತು ಹಾಡೆತ್ತಿದರು. ನೆರೆಯವರೆಲ್ಲ ಬಾಗಿಲಲ್ಲಿ ನಿಂತಿದ್ದರು. ಆಗ ಮಗ ಶ್ರೀಶೈಲ ಬಗ್ಗಿ ತಾಯಿಯ ಕಿವಿಯಲ್ಲಿ ಹೇಳಿದ್ದು ಇಷ್ಟು: "ಅವ್ವಾ, ಕನ್ನಡದಾಗ ಅಳು. ಮಂದಿ ಕೇಳಾಕತ್ತಾರ."

ಲಕ್ಷ್ಮವ್ವ ಹಾಡು ನಿಲ್ಲಿಸಿದರು. ಉಳಿದದ್ದನ್ನು ಕನ್ನಡದಲ್ಲಿ ಅತ್ತರು. ನಮ್ಮ ಭಾಷೆಗೆ ಎಷ್ಟೆಲ್ಲ ಮಾನಸನ್ಮಾನಗಳು ದೊರೆತಿವೆ, ಇಂಥದ್ದೊಂದನ್ನು ಯಾರೂ ಬಯಸಲಾರರು.

ಅಕ್ಕನ ಕರ್ಮಾಂತರ ಮುಗಿಸಿ ಲಕ್ಷ್ಮವ್ವ ಮಾಡಿದ ಮೊದಲ ಕೆಲಸ ಲೋಕಲ್ ಹತ್ತಿ ಆ ಸಂಸ್ಥೆಗೆ ಹೋದದ್ದು. ತಲೆಯ ಮೇಲೆ ಮಾರದೆ ಉಳಿದ ಬುಟ್ಟಿಗಳು. ಇಲ್ಲಿ ಮಾರಾಟ ಮಾಡುವಂತಿಲ್ಲ ಎಂದು ವಾಚ್‌ಮನ್ ತಡೆದ. ರಮಾನಾಥರೇ ಇಳಿದು ಬಂದು ಒಳಗೆ ಕರೆದುಕೊಂಡು ಹೋಗಿ, ಗೋಡೆಯ ಮರದಲ್ಲಿ ಅವರ ಮನೆ ಎಲ್ಲಿದೆಯೆಂದು ತೋರಿಸಿದರು. "ಇಲ್ಲಿ ಅಲ್ರಿ ಸರ, ನಮ್ಮಕ್ಕ ಅಂಜಿ ಹಂಗ ಹೇಳಿದ್ಲು. ಈಗ ಅಕಿ ಇಲ್ಲ, ನಾ ಖರೇ ಹೇಳತೀನಿ ಬರಕೋರಿ" ಎಂದರು ಲಕ್ಷ್ಮವ್ವ.

ರಮಾನಾಥ ಕೆಟ್ಟವರಲ್ಲ. ಅಂದೇ ಕೂರಿಸಿ ಎಲ್ಲ ಶಬ್ದಗಳನ್ನೂ ಮತ್ತೆ ಕೇಳಿ ಧ್ವನಿ ತುಂಬಿಕೊಂಡರು. ಆದರೆ ಸಂಸ್ಥೆಗೆ ಸಂಸ್ಥೆಯ ಕಟ್ಟಳೆ. ಮೊದಲ ಸಾಕ್ಷಿಯನ್ನು ತಳ್ಳಿಹಾಕಬೇಕಾದರೆ ಒಬ್ಬರ ಬಾಯಿ ಸಾಲದು, ಅದೇ ಕುಟುಂಬದ ಇನ್ನೊಬ್ಬರು ಹೌದೆನ್ನಬೇಕು. "ಸಮೀಕ್ಷೆಯ ಪುಸ್ತಕ ಪ್ರಿಂಟಿಗೆ ಹೋಗುವ ಮೊದಲು ಇನ್ನೊಬ್ಬರನ್ನು ಹೊಂದಿಸಿ ಕೊಡಿ ಅಮ್ಮ, ಮರ ತಿದ್ದುದು ನನ್ನ ಜವಾಬ್ದಾರಿ" ಎಂದರು. ಹಾಗೆ ಬುಟ್ಟಿ ಹೆಣೆಯುವ ಹೆಂಗಸು ಮಾತಾಡುವ ಬಾಯಿ ಹುಡುಕಿಕೊಂಡು ಹೊರಟರು.

ಕುರ್ಲಾದಲ್ಲಿ ಚಿಕ್ಕಪ್ಪನ ಮಗ ಕಾಶಪ್ಪ ಇದ್ದಾರೆ. ಮಗಳ ಮದುವೆ ಮಾತು ನಡೆದಿದೆ, ಬೀಗರಿಗೆ ನಾವು ಯಾರೆಂದು ಇನ್ನೂ ಬಿಡಿಸಿ ಹೇಳಿಲ್ಲ, ಈಗ ಬೇಡ ತಂಗಿ ಎಂದು ಚಹಾ ಕೊಟ್ಟು ಕಳಿಸಿದರು. ಸೆಲ್ವಿ ತಾನೇ ಬಂದು ಹೇಳುತ್ತೇನೆ ಎಂದರು. ಪಾಪ, ತಮಿಳರ ಸಾಕ್ಷಿ ಇಲ್ಲಿ ನಡೆಯುವುದಿಲ್ಲ. ಉಳಿದದ್ದು ಶ್ರೀಶೈಲ.

ಶ್ರೀಶೈಲ ಪರೇಲಿನ ಒಂದು ಆಸ್ಪತ್ರೆಯಲ್ಲಿ ವಾರ್ಡ್‌ಬಾಯ್. ಮನೆಮಾತು ಅವನಿಗೆ ಬರುತ್ತದೆ. ತೊಟ್ಟಿಲಲ್ಲಿ ಕೇಳಿದ್ದು, ಮರೆತಿಲ್ಲ. ಆದರೆ ವಾರ್ಡಿನಲ್ಲಿ ಯಾರದಾದರೂ ಮೊಬೈಲ್ ಕಾಣೆಯಾದರೆ, ಅವನ ಜಾತಿ ಬಲ್ಲ ಊರ ಕಡೆಯ ಒಬ್ಬ ಸಹೋದ್ಯೋಗಿ ನಗುತ್ತ ಇವನ ಜೇಬಿನ ಕಡೆ ನೋಡುತ್ತಾನಂತೆ. ಬರಿಯ ತಮಾಷೆ. ಆ ತಮಾಷೆಗೆ ಶ್ರೀಶೈಲ ತಾನೂ ನಗಬೇಕು. ತಾಯಿ ವಾರಗಟ್ಟಲೆ ಕಾಡಿದ ಮೇಲೆ ಆತ ಆಯ್ತು ಎಂದ. ಸಂತೋಷಕ್ಕೆ ಲಕ್ಷ್ಮವ್ವ ಅಂದು ಬುಟ್ಟಿ ಮಾರಲು ಹೋಗಲೇ ಇಲ್ಲ, ಹೋಳಿಗೆ ಮಾಡಿದರು.

ಭಾನುವಾರ ರಮಾನಾಥ ಬಂದರು. ಹೋಳಿಗೆ ತಿಂದರು. ರೆಕಾರ್ಡರ್ ಮುಂದಿಟ್ಟು, ನೀರಿಗೆ ಮನೆಯಲ್ಲಿ ಏನು ಅಂತೀರಿ ಎಂದು ಕೇಳಿದರು. ಗಲ್ಲಿಯಲ್ಲಿ ಹೋಗಿಬರುವವರು ಕುತೂಹಲಕ್ಕೆ ನಿಂತಿದ್ದರು. ಶ್ರೀಶೈಲ ಅವರ ಕಡೆ ಒಮ್ಮೆ ನೋಡಿದ.

"ನೀರು ಅಂತೀವ್ರಿ."

ರಮಾನಾಥ ಇನ್ನೊಮ್ಮೆ, ನಿಧಾನವಾಗಿ ಕೇಳಿದರು. ಬೆಂಕಿಗೆ? ಬೆಂಕಿ. ಅಜ್ಜಿಗೆ? ಆಯಿ, ಅದೂ ವಿಜಯಪುರದ ಕನ್ನಡವೇ. ನಿಮ್ಮ ತಾಯಿಯವರು ಬೇರೆ ಹೇಳಿದರಲ್ಲ ಎಂದಾಗ ಶ್ರೀಶೈಲ ನೆಲ ನೋಡುತ್ತ ಹೇಳಿದ: "ಅವ್ವಗ ವಯಸ್ಸಾಗೇತ್ರಿ ಸರ್. ಎದುರು ಮನಿ ಸೆಲ್ವಿ ಆಂಟಿ ಕೂಡ ದಿನಾ ಕೂತು ಕೂತು ತಮಿಳ ಕಲತಾಳ."

ಅಲ್ಲಿಗೆ ಮುಗಿಯಿತು. ಮುಂಬಯಿಯಲ್ಲಿ ಲಕ್ಷ್ಮವ್ವನ ಮಾತಿಗೆ ಕಿವಿಗೊಟ್ಟ ಒಂದೇ ಒಂದು ಜೀವ ಸೆಲ್ವಿ, ಆ ಗೆಳೆತನವನ್ನೂ ಅವರ ವಿರುದ್ಧದ ಪುರಾವೆ ಮಾಡಿದ್ದು ಹೊಟ್ಟೆಯಲ್ಲಿ ಹುಟ್ಟಿದ ಮಗ. ತಿದ್ದಲು ತಂದ ಎರಡನೆಯ ಸಾಕ್ಷಿ ಮೊದಲ ಸುಳ್ಳಿಗೆ ಮೊಳೆ ಹೊಡೆದು ಭದ್ರ ಮಾಡಿತು. ಪುಸ್ತಕ ಹೊರಬಂದಿದೆ. ಮರ ಇದ್ದ ಹಾಗೇ ಇದೆ. ಲಕ್ಷ್ಮವ್ವನ ಧ್ವನಿಯನ್ನು ಅಳಿಸಿಲ್ಲ, ಯಾವ ಟೊಂಗೆಗೂ ಸೇರಿಸದೆ ಬೇರೆ ಇಟ್ಟಿದ್ದೇನೆ ಎನ್ನುತ್ತಾರೆ ರಮಾನಾಥ. ಅವರಿಗೂ ಈ ಮಾತು ಆಡುವಾಗ ಮುಖ ಎತ್ತಲಾಗುವುದಿಲ್ಲ.

ಈಗ ಬೆಳಕು ಹರಿದಿದೆ. ರಾತ್ರಿ ಪಾಳಿ ಮುಗಿಸಿದ ಶ್ರೀಶೈಲ ಬಂದು, ತಾಯಿ ಸೀಳಿಟ್ಟ ಕಡ್ಡಿಗಳನ್ನು ದಾಟಿ ಒಳಗೆ ಹೋಗುತ್ತಾನೆ. ಚಹಾ ಮಾಡಲೇನವ್ವಾ ಎಂದು ಕನ್ನಡದಲ್ಲಿ ಕೇಳುತ್ತಾನೆ. ಮಾಡಪಾ ಎಂದು ತಾಯಿ ಕನ್ನಡದಲ್ಲೇ ಉತ್ತರಿಸುತ್ತಾರೆ. ಆ ಭಾನುವಾರದ ನಂತರ ಈ ಮನೆಯಲ್ಲಿ ಬೇರೆ ಮಾತು ಕೇಳಿಸಿಲ್ಲ. ಸೆಲ್ವಿಯ ಹತ್ತಿರ ಕೂರುವುದನ್ನೂ ಲಕ್ಷ್ಮವ್ವ ಕಡಿಮೆ ಮಾಡಿದ್ದಾರೆ.

ಮುಂದೇನು ಬಯಕೆ ಎಂದರೆ ಅವರು ಬುಟ್ಟಿಯ ಬುಡ ತಿರುಗಿಸಿ ನೋಡುತ್ತಾರೆ. "ನಾ ಸತ್ತಾಗ ಯಾರರೆ ಒಬ್ಬರು ನಮ್ಮ ಮಾತಿನ್ಯಾಗ ಒಂದ್ ಸೊಲ್ಲು ಅತ್ರ ಸಾಕ್ರಿ. ಸೆಲ್ವಿ ಅಳತಾಳ, ಆದ್ರ ಅಕಿ ಅಳೂದು ತಮಿಳ."

ಮಗನ ಮೇಲೆ ಸಿಟ್ಟಿಲ್ಲವೇ ಎಂದರೆ ಬುಟ್ಟಿ ಕೆಳಗಿಟ್ಟು ಬಾಗಿಲ ಕಡೆ ನೋಡುತ್ತಾರೆ. ಒಳಗೆ ಸ್ಟೋವಿನ ಸದ್ದು ಕೇಳುತ್ತಿದೆ. ಲಕ್ಷ್ಮವ್ವ ದನಿ ತಗ್ಗಿಸುತ್ತಾರೆ.

"ಅವನ ಮ್ಯಾಲೆ ಯಾಕ ಸಿಟ್ರೀ. ಮಾತೂ ನಾನ ಕೊಟ್ಟೆ, ಅಂಜಿಕೀನೂ ನಾನ ಕೊಟ್ಟೆ. ಅವ ಅಂಜಿಕಿ ಇಟಗೊಂಡ."